ಕರ್ಣನ ಗುಟ್ಟು ಯಾರಿಗೆ ಗೊತ್ತಿತ್ತು? ಕನ್ನಡದ ಮಹಾಕಾವ್ಯ ಓದಲು ಒಂದು ದಾರಿ

ಕುಮಾರವ್ಯಾಸ ಭಾರತವನ್ನು ಆಸೆಪಟ್ಟು ಕೊಂಡು, ಪೀಠಿಕೆಯ ನಾಲ್ಕು ಪದ್ಯ ಓದಿ, ಆಮೇಲೆ ಕಪಾಟಿಗೆ ಸೇರಿಸಿದವರು ಬಹಳ ಮಂದಿ. ತಪ್ಪು ಅವರದಲ್ಲ. ಎಂಟು ಸಾವಿರಕ್ಕೂ ಜಾಸ್ತಿ ಪದ್ಯ ಇರುವ ಪುಸ್ತಕವನ್ನು ಮೊದಲ ಪುಟದಿಂದ ಶುರು ಮಾಡಿ ಅಂತ ಹೇಳಿದವರದ್ದು ತಪ್ಪು. ಇನ್ನು ಪಂಪನ ವಿಷಯ ಬಿಡಿ, ‘ಹಳಗನ್ನಡ ಅಲ್ವಾ, ನಮಗೆಲ್ಲಿ ಅರ್ಥವಾಗಬೇಕು’ ಅಂದುಕೊಂಡು ಪುಸ್ತಕ ತೆರೆಯುವುದೇ ಇಲ್ಲ.

ನಾನು ಹೇಳುವ ದಾರಿ ಬೇರೆ. ಇಡೀ ಕಾವ್ಯ ಓದಲು ಹೋಗಬೇಡಿ. ಒಂದು ಪ್ರಶ್ನೆ ಹಿಡಿದುಕೊಳ್ಳಿ, ಆ ಪ್ರಶ್ನೆಯ ಜೊತೆ ಒಂದು ಕಾವ್ಯದಿಂದ ಇನ್ನೊಂದು ಕಾವ್ಯಕ್ಕೆ ನಡೆಯಿರಿ. ಒಂದೇ ಕಥೆಯನ್ನು ಬೇರೆ ಬೇರೆ ಕವಿಗಳು ಹೇಳುವಾಗ ಯಾರು ಎಲ್ಲಿ ಏನು ಬದಲಾಯಿಸಿದರು ಅಂತ ಕಣ್ಣಿಗೆ ಬಿದ್ದರೆ ಸಾಕು, ವಿಮರ್ಶೆ ಅಲ್ಲಿಂದಲೇ ಶುರುವಾಗುತ್ತದೆ. ಈ ಲೇಖನಕ್ಕೆ ನಾನು ಆರಿಸಿಕೊಂಡ ಪ್ರಶ್ನೆ ಇದು: ಕರ್ಣ ಕುಂತಿಯ ಮಗ ಅನ್ನುವ ಗುಟ್ಟು ಯಾರಿಗೆ ಗೊತ್ತಿತ್ತು?

ಮೊದಲು ಏನೇನು ಬೇಕು

ಜಾಸ್ತಿ ಏನೂ ಬೇಡ. ಕಥೆ ಮರೆತಿದ್ದರೆ ಎ.ಆರ್. ಕೃಷ್ಣಶಾಸ್ತ್ರಿಗಳ ವಚನ ಭಾರತ ಒಂದಿರಲಿ, ಹೊಸಗನ್ನಡದ ಸರಳ ಗದ್ಯ ಅದು. ಕುಮಾರವ್ಯಾಸನ ಪಠ್ಯ ಕನ್ನಡ ವಿಕಿಸೋರ್ಸ್‌ನಲ್ಲಿ ಪುಕ್ಕಟೆ ಸಿಗುತ್ತದೆ. ಪಂಪಭಾರತಕ್ಕೆ ಮಾತ್ರ ಗದ್ಯಾನುವಾದ ಜೊತೆಗಿರುವ ಆವೃತ್ತಿಯನ್ನೇ ಹುಡುಕಿ, ಬರೀ ಮೂಲ ಇರುವ ಪುಸ್ತಕ ತಂದರೆ ಮೂರನೇ ಪುಟಕ್ಕೇ ಸುಸ್ತಾಗುತ್ತದೆ. ಪದಕ್ಕೆ ಅರ್ಥ ಬೇಕಾದಾಗ ಕನ್ನಡ ಸಾಹಿತ್ಯ ಪರಿಷತ್ತಿನ ಸಂಕ್ಷಿಪ್ತ ನಿಘಂಟು ಸಾಕು. ಫೋನಿನಲ್ಲೇ ನೋಡುವವರಿಗೆ ಅಲರ್ ಅನ್ನುವ ಆನ್‌ಲೈನ್ ನಿಘಂಟು ಇದೆ.

ಒಂದು ನೋಟ್‌ಬುಕ್ ತೆಗೆದುಕೊಳ್ಳಿ. ಒಂದು ಹಾಳೆಯಲ್ಲಿ ನಾಲ್ಕು ಹೆಸರು ಬರೆಯಿರಿ: ವ್ಯಾಸ, ಪಂಪ, ರನ್ನ, ಕುಮಾರವ್ಯಾಸ. ಪ್ರತಿ ಹೆಸರಿನ ಎದುರು ಮೂರು ಸಂಗತಿ ತುಂಬುತ್ತಾ ಹೋಗಿ. ಗುಟ್ಟು ಯಾರಿಗೆ ಗೊತ್ತಿದೆ, ಯಾರು ಯಾರಿಗೆ ಹೇಳುತ್ತಾರೆ, ಕೇಳಿದವನು ಏನು ಮಾಡುತ್ತಾನೆ. ಅಷ್ಟೇ. ಟಿಪ್ಪಣಿ ಉದ್ದ ಮಾಡಿದರೆ ಓದು ಅಲ್ಲಿಗೇ ನಿಲ್ಲುತ್ತದೆ.

ವ್ಯಾಸನಲ್ಲಿ ಕರ್ಣನಿಗೇ ಗೊತ್ತಿದೆ

ಸಂಸ್ಕೃತ ಮಹಾಭಾರತದ ಉದ್ಯೋಗಪರ್ವ. ಸಂಧಾನ ಮುರಿದಿದೆ. ಕೃಷ್ಣ ಹಸ್ತಿನಾಪುರದಿಂದ ಹೊರಡುವಾಗ ಕರ್ಣನನ್ನು ರಥಕ್ಕೆ ಹತ್ತಿಸಿಕೊಂಡು, ನೀನು ಕುಂತಿಯ ಮಗ, ಬಾ, ರಾಜ್ಯ ನಿನ್ನದೇ ಅನ್ನುತ್ತಾನೆ. ಕರ್ಣನ ಉತ್ತರ ಕೇಳಿ: ಇದೆಲ್ಲ ನನಗೆ ಗೊತ್ತು. ಗೊತ್ತಿದ್ದೂ ಅವನು ಬರುವುದಿಲ್ಲ, ಸಾಕಿದವರನ್ನೂ ದುರ್ಯೋಧನನನ್ನೂ ಬಿಡುವುದಿಲ್ಲ. ಮೇಲಾಗಿ ಯುಧಿಷ್ಠಿರನಿಗೆ ಈ ಗುಟ್ಟು ಹೇಳಬೇಡ ಅಂತಲೂ ಕೇಳಿಕೊಳ್ಳುತ್ತಾನೆ. ಯಾಕೆಂದರೆ ತಿಳಿದರೆ ಅವನು ರಾಜ್ಯ ನನಗೆ ಕೊಡುತ್ತಾನೆ, ನಾನು ಅದನ್ನು ದುರ್ಯೋಧನನಿಗೆ ಕೊಟ್ಟುಬಿಡುತ್ತೇನೆ. ಮುಂದೆ ಶರಶಯ್ಯೆಯಲ್ಲಿ ಮಲಗಿದ ಭೀಷ್ಮ ಕೂಡ ನನಗೂ ಗೊತ್ತಿತ್ತು ಅನ್ನುತ್ತಾನೆ. ಪಾಂಡವರಿಗೆ ತಿಳಿಯುವುದು ಯುದ್ಧ ಮುಗಿದು ಸತ್ತವರಿಗೆ ನೀರು ಬಿಡುವ ಹೊತ್ತಿಗೆ, ಕುಂತಿಯ ಬಾಯಿಂದ.

ಇದನ್ನು ಗುರುತು ಹಾಕಿಕೊಳ್ಳಿ. ಇದು ನಮ್ಮ ಅಳತೆಗೋಲು. ಆದರೆ ಒಂದು ಎಚ್ಚರ: ಅಳತೆಗೋಲು ಅಂದರೆ ಇದು ಸರಿ, ಮಿಕ್ಕಿದ್ದು ತಪ್ಪು ಅಂತಲ್ಲ. ‘ಮೂಲದಲ್ಲಿ ಹೀಗಿಲ್ಲ’ ಅನ್ನುವುದು ವಿಮರ್ಶೆಯಲ್ಲ, ಬರೀ ದೂರು.

ಕುಮಾರವ್ಯಾಸನನ್ನು ಕಿವಿಯಿಂದ ಓದಿ

ಕಾಲದ ಲೆಕ್ಕದಲ್ಲಿ ಪಂಪ ಮೊದಲು. ಆದರೂ ನೀವು ಕುಮಾರವ್ಯಾಸನಿಂದ ಶುರು ಮಾಡಿ, ಅವನ ಕನ್ನಡ ನಮಗೆ ಹತ್ತಿರ. ಗದುಗಿನ ವೀರನಾರಾಯಣನನ್ನು ನೆನೆದು ಬರೆದವನು, ಊರು ಹುಬ್ಬಳ್ಳಿ ಹತ್ತಿರದ ಕೋಳಿವಾಡ. ಕಾಲದ ಬಗ್ಗೆ ಪಂಡಿತರು ಸಾಕಷ್ಟು ಜಗಳವಾಡಿದ್ದಾರೆ, 15ನೇ ಶತಮಾನದ ಮೊದಲ ಭಾಗ ಅನ್ನುವುದು ಹೆಚ್ಚು ಜನ ಒಪ್ಪುವ ಮಾತು. ಹದಿನೆಂಟು ಪರ್ವಗಳಲ್ಲಿ ಅವನು ಬರೆದದ್ದು ಮೊದಲ ಹತ್ತರ ಕಥೆಯನ್ನು. ಉಳಿದದ್ದನ್ನು ಆಮೇಲೆ ಕೃಷ್ಣದೇವರಾಯನ ಕಾಲದಲ್ಲಿ ತಿಮ್ಮಣ್ಣ ಕವಿ ಪೂರ್ತಿ ಮಾಡಿದ.

ಓದುವ ಮೊದಲು ತಾಳ ಹಿಡಿಯಬೇಕು. ಭಾಮಿನಿ ಷಟ್ಪದಿ ಅಂದರೆ ಆರು ಸಾಲು. ಮೂರು ಮಾತ್ರೆ, ನಾಲ್ಕು ಮಾತ್ರೆ, ಮತ್ತೆ ಮೂರು, ನಾಲ್ಕು. 1, 2, 4, 5ನೇ ಸಾಲುಗಳಲ್ಲಿ 14 ಮಾತ್ರೆ. 3 ಮತ್ತು 6ನೇ ಸಾಲು ಉದ್ದ, ಕೊನೆಗೆ ಒಂದು ಗುರು ಸೇರಿ 23. ಬರೀ ಹೀಗೆ ಹೇಳಿದರೆ ಶಾಲೆಯ ವ್ಯಾಕರಣ ನೆನಪಾಗಿ ಓಡಿಹೋಗಬೇಕು ಅನಿಸುತ್ತದೆ. ಅದಕ್ಕೇ ಈ ಪದ್ಯವನ್ನು ತೊಡೆ ತಟ್ಟಿಕೊಂಡು ಜೋರಾಗಿ ಓದಿ:

ಅರಸುಗಳಿಗಿದು ವೀರ ದ್ವಿಜರಿಗೆ
ಪರಮ ವೇದದ ಸಾರ ಯೋಗೀ
ಶ್ವರರ ತತ್ತ್ವವಿಚಾರ ಮಂತ್ರಿಜನಕ್ಕೆ ಬುದ್ಧಿಗುಣ
ವಿರಹಿಗಳ ಶೃಂಗಾರ ವಿದ್ಯಾ
ಪರಿಣತರಲಂಕಾರ ಕಾವ್ಯಕೆ
ಗುರುವೆನಲು ರಚಿಸಿದ ಕುಮಾರವ್ಯಾಸ ಭಾರತವ

ಅರಸು, ಗಳಿಗಿದು, ವೀರ, ದ್ವಿಜರಿಗೆ. ಮೂರು, ನಾಲ್ಕು, ಮೂರು, ನಾಲ್ಕು. ಆರೂ ಸಾಲಿನ ಎರಡನೇ ಅಕ್ಷರ ನೋಡಿ, ಎಲ್ಲ ರಕಾರದ ಬಳಗವೇ. ‘ಯೋಗೀಶ್ವರರ’ ಅನ್ನುವ ಪದ ನಡುವೆ ಮುರಿದು ಮುಂದಿನ ಸಾಲಿಗೆ ಬಿದ್ದಿದೆ. ಕಣ್ಣಲ್ಲಿ ಓದುವವರು ಎಡವುವುದು ಇಲ್ಲೇ: ಸಾಲು ಮುಗಿದ ಕಡೆ ನಿಲ್ಲುತ್ತಾರೆ, ಅರ್ಥ ಕೆಡುತ್ತದೆ. ತಾಳ ನಿಲ್ಲದೆ ಹೋಗಲಿ, ಅರ್ಥ ಬಂದ ಕಡೆ ಉಸಿರು ತೆಗೆದುಕೊಳ್ಳಿ. ಗಮಕಿಗಳು ಮಾಡುವುದು ಅದನ್ನೇ. ಒಬ್ಬರು ರಾಗವಾಗಿ ವಾಚನ ಮಾಡುತ್ತಾರೆ, ಇನ್ನೊಬ್ಬರು ವ್ಯಾಖ್ಯಾನ ಹೇಳುತ್ತಾರೆ. ಶಿವಮೊಗ್ಗದ ಹತ್ತಿರದ ಹೊಸಹಳ್ಳಿ ಈ ಕಲೆಗೆ ಹೆಸರಾದ ಊರು, ಅಲ್ಲಿನ ಗಮಕಿ ಎಚ್.ಆರ್. ಕೇಶವಮೂರ್ತಿಯವರಿಗೆ 2022ರಲ್ಲಿ ಪದ್ಮಶ್ರೀ ಬಂತು. ಯೂಟ್ಯೂಬ್‌ನಲ್ಲಿ ಗಮಕ ಅಂತ ಹುಡುಕಿ, ಪಠ್ಯವನ್ನು ಕೈಯಲ್ಲಿ ಹಿಡಿದು ಕೇಳಿ. ಕೆಲವೇ ದಿನಗಳಲ್ಲಿ ಪದ ಬಿಡಿಸುವುದು ತಾನಾಗಿ ಬರುತ್ತದೆ. (ನಗು ಬೇಕಾದವರು ವಿರಾಟಪರ್ವಕ್ಕೆ ಹೋಗಿ. ‘ಉತ್ತರನ ಪೌರುಷ ಒಲೆ ಮುಂದೆ’ ಅನ್ನುವ ಗಾದೆಯ ಉತ್ತರಕುಮಾರ ಅಲ್ಲಿ ಸಿಗುತ್ತಾನೆ. ಮಳೆ ಬರಲಿ ಅಂತ ಊರಿನಲ್ಲಿ ಓದಿಸುತ್ತಿದ್ದದ್ದೂ ಅದೇ ಪರ್ವ.)

ಈಗ ದೃಶ್ಯಕ್ಕೆ ಬನ್ನಿ

ಅದೇ ಉದ್ಯೋಗಪರ್ವ, ಅದೇ ರಥ. ‘ಕೌರವೇಂದ್ರನ ಕೊಂದೆ ನೀನು’ ಅಂತ ಹತ್ತನೇ ತರಗತಿಯ ಪಠ್ಯದಲ್ಲಿ ಓದಿದವರಿಗೆ ನೆನಪಿರಬಹುದು. ಪರೀಕ್ಷೆಗೆ ಓದಿದ್ದನ್ನು ಮರೆತು ಹೊಸದಾಗಿ ಓದಿ.

ಶುರುವಿನಲ್ಲಿ ಕೃಷ್ಣ ಕರ್ಣನ ಜೊತೆ ‘ಮೈದುನತನದ ಸರಸ’ ಮಾಡುತ್ತಾ ಅವನನ್ನು ಬರಸೆಳೆದು ಪಕ್ಕದಲ್ಲಿ ಕೂರಿಸಿಕೊಳ್ಳುತ್ತಾನೆ. ಕರ್ಣನಿಗೆ ಗಾಬರಿ. ನಿಮಗೆ ಸಮನಾಗಿ ನಾನು ಕೂರುವುದೇ, ಅಂಜುತ್ತೇನೆ ಅನ್ನುತ್ತಾನೆ. ಆಗ ಕೃಷ್ಣ ತೊಡೆಗೆ ತೊಡೆ ತಾಗುವಷ್ಟು ಹತ್ತಿರ ಸರಿಯುತ್ತಾನೆ. ಬೇಹುಗಾರಿಕೆಯ ಸಿನಿಮಾದಲ್ಲೂ ಇಷ್ಟು ನಾಜೂಕಾದ ಬಲೆ ಇರಲಿಕ್ಕಿಲ್ಲ. ಆಮೇಲೆ ಕುಲದಲ್ಲಿ ನಿಮಗೂ ಯಾದವರಿಗೂ ಕೌರವರಿಗೂ ಭೇದವೇ ಇಲ್ಲ, ನಿನ್ನಾಣೆ, ಭೂಮಿಗೆ ಒಡೆಯ ನೀನು, ನಿನಗೇ ಅದರ ಅರಿವಿಲ್ಲ ಅನ್ನುತ್ತಾನೆ. ಕವಿ ಆ ಪದ್ಯವನ್ನು ಮುಗಿಸುವ ರೀತಿ ನೋಡಿ:

ರವಿಸುತನ ಕಿವಿಯಲಿ ಬಿತ್ತಿದನು ಭಯವ

ಸತ್ಯವನ್ನು ಹೇಳಿದ ಅಂತಿಲ್ಲ. ಭಯ ಬಿತ್ತಿದ ಅಂತಿದೆ. ಕೃಷ್ಣಭಕ್ತ ಕವಿ, ತಾನು ಹೇಳುತ್ತಿರುವುದು ‘ಕೃಷ್ಣ ಕಥೆ’ ಅಂತ ಶುರುವಿನಲ್ಲೇ ಸಾರಿದವನು, ಇಲ್ಲಿ ತನ್ನ ದೇವರ ಕೈಚಳಕವನ್ನು ಮುಚ್ಚಿಡುತ್ತಿಲ್ಲ.

ಇಲ್ಲಿ ಕರ್ಣ ‘ನನಗೆ ಗೊತ್ತು’ ಅನ್ನುವುದಿಲ್ಲ. ವ್ಯಾಸನಿಂದ ದೊಡ್ಡ ಬದಲಾವಣೆ ಇದು. ಕೊರಳ ಸೆರೆ ಉಬ್ಬುತ್ತದೆ, ಕಣ್ಣೀರು ನುಗ್ಗಿ ಬರುತ್ತದೆ, ಅಯ್ಯೋ ಕುರುಪತಿಗೆ ಕೇಡಾಯಿತು ಅಂತ ಮನಸ್ಸಿನಲ್ಲೇ ನೋಯುತ್ತಾನೆ. ತನಗೆ ಏನಾಯಿತು ಅನ್ನುವುದಕ್ಕಿಂತ ಮೊದಲು ಗೆಳೆಯನಿಗೆ ಏನಾಯಿತು ಅನ್ನುವುದು ಹೊಳೆಯುತ್ತದೆ. ‘ತನ್ನ ವಂಶವನರುಹಿ ಕೊಂದನು’ ಅಂದುಕೊಳ್ಳುತ್ತಾನೆ. ಕೊನೆಗೆ ಬಾಯಿಬಿಟ್ಟು ಹೇಳುವುದು ಇದು:

ಹೊರೆದ ದಾತಾರಂಗೆ ಹಗೆವರ
ಶಿರವನರಿದೊಪ್ಪಿಸುವೆನೆಂಬೀ
ಭರದೊಳಿರ್ದೆನು ಕೌರವೇಂದ್ರನ ಕೊಂದೆ ನೀನೆಂದ

ಸಾಕಿದ ಒಡೆಯನಿಗೆ ವೈರಿಗಳ ತಲೆ ಕತ್ತರಿಸಿ ಒಪ್ಪಿಸುವ ಹುಮ್ಮಸ್ಸಿನಲ್ಲಿದ್ದೆ, ನೀನು ದುರ್ಯೋಧನನನ್ನು ಕೊಂದೆ. ವೈರಿಗಳು ತಮ್ಮಂದಿರು ಅಂತ ತಿಳಿದ ಮೇಲೆ ಕೈ ಏಳುವುದು ಹೇಗೆ? ಬಾಣ ಬಿಡುವ ಮೊದಲೇ ಯುದ್ಧ ಮುಗಿಯಿತು. ಗುಟ್ಟು ಕರ್ಣನಿಗೆ ಮೊದಲೇ ಗೊತ್ತಿದ್ದರೆ ಈ ಮಾತಿಗೆ ಜಾಗವೇ ಇರುತ್ತಿರಲಿಲ್ಲ. ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಿ: ಕುಮಾರವ್ಯಾಸ, ಕರ್ಣನಿಗೆ ಗೊತ್ತಿಲ್ಲ, ತಿಳಿದದ್ದೇ ಪೆಟ್ಟು.

ಪಂಪನಿಗೆ ಹೆದರಬೇಡಿ

ಐದು ಶತಮಾನ ಹಿಂದಕ್ಕೆ ಜಿಗಿತ. ಪಂಪ ಹುಟ್ಟಿದ್ದು 902ರಲ್ಲಿ, ಅವನಿಗೆ ಆಶ್ರಯ ಕೊಟ್ಟವನು ವೇಮುಲವಾಡದ ಚಾಲುಕ್ಯ ದೊರೆ ಇಮ್ಮಡಿ ಅರಿಕೇಸರಿ. ವೇಮುಲವಾಡ ಈಗ ತೆಲಂಗಾಣದಲ್ಲಿದೆ. ಹತ್ತಿರದ ಕುರ್ಕ್ಯಾಲ ಅನ್ನುವಲ್ಲಿ ಪಂಪನ ತಮ್ಮ ಜಿನವಲ್ಲಭ ಕನ್ನಡ, ತೆಲುಗು, ಸಂಸ್ಕೃತ ಮೂರರಲ್ಲೂ ಬರೆಸಿದ ಶಾಸನ ಬಂಡೆಯ ಮೇಲೆ ಇವತ್ತಿಗೂ ಇದೆ. ಬನವಾಸಿಯನ್ನು ನೆನೆದು ಹಂಬಲಿಸಿದ ಕವಿ ಕೆಲಸ ಮಾಡಿದ್ದು ಎಲ್ಲಿ ಅಂತ ಭೂಪಟದಲ್ಲಿ ಒಮ್ಮೆ ನೋಡಿ, ಆ ಹಂಬಲ ಇನ್ನೂ ಚೆನ್ನಾಗಿ ಅರ್ಥವಾಗುತ್ತದೆ.

ಓದುವ ಮೊದಲು ಎರಡು ವಿಷಯ ಗೊತ್ತಿರಲಿ. ಒಂದು, ಭಾಷೆ. ಪಕಾರ ಕಂಡಾಗ ಹಕಾರ ಹಾಕಿ ನೋಡಿ: ಪಗೆ ಹಗೆಯಾಗುತ್ತದೆ, ಪೋಗು ಹೋಗು ಆಗುತ್ತದೆ, ಪರಿ ಹರಿ ಆಗುತ್ತದೆ. ‘ಒಳ್’ ಅಂದರೆ ಅಲ್ಲಿ, ‘ಒಡೆ’ ಅಂದರೆ ಆದರೆ. ಅರ್ಧ ಹೆದರಿಕೆ ಇಷ್ಟಕ್ಕೇ ಹೋಗುತ್ತದೆ. ಎರಡು, ರಾಜಕೀಯ. ಪಂಪ ಅರ್ಜುನನಲ್ಲಿ ತನ್ನ ದೊರೆಯನ್ನು ಕಂಡ, ಇಬ್ಬರನ್ನೂ ಒಂದು ಮಾಡಿ ಬರೆದ. ಅದಕ್ಕೇ ಅವನ ದ್ರೌಪದಿಗೆ ಅರ್ಜುನ ಒಬ್ಬನೇ ಗಂಡ, ಕೊನೆಗೆ ಪಟ್ಟಾಭಿಷೇಕವೂ ಅರ್ಜುನನಿಗೆ, ಪಕ್ಕದಲ್ಲಿ ಸುಭದ್ರೆ. ಸಿಂಹಾಸನದ ಎದುರು ಕೂತು ಬರೆದ ಕಾವ್ಯ. ಆದರೂ ಅದೇ ಕವಿ ಕರ್ಣ ಸತ್ತ ಮೇಲೆ ಭಾರತದಲ್ಲಿ ಒಬ್ಬನನ್ನೇ ನೆನೆಯುವುದಾದರೆ ‘ಕರ್ಣನಂ ನೆನೆಯ’ ಅಂತ ಹೇಳಿಬಿಡುತ್ತಾನೆ. ದೊರೆಯ ಎದುರಾಳಿಯನ್ನು ದೊರೆಯ ಕಾವ್ಯದಲ್ಲೇ ಹೊಗಳುವ ಗಟ್ಟಿತನ ಇತ್ತು ಅವನಿಗೆ.

ಒಂಬತ್ತನೇ ಆಶ್ವಾಸದಲ್ಲಿ, ಅಂದರೆ ಒಂಬತ್ತನೇ ಅಧ್ಯಾಯದಲ್ಲಿ, ನಮ್ಮ ದೃಶ್ಯ ಸಿಗುತ್ತದೆ. ಕೃಷ್ಣ ಬಾಯಿ ತೆರೆಯುವುದೇ ಹೀಗೆ: ‘ಭೇದಿಸಲೆಂದು ದಲ್ ನುಡಿದರೆನ್ನದಿರ್’. ನಿಮ್ಮಿಬ್ಬರನ್ನು ಒಡೆಯಲು ಹೇಳಿದೆ ಅಂತ ಅಂದುಕೊಳ್ಳಬೇಡ. ಕುಮಾರವ್ಯಾಸ ಕವಿಯಾಗಿ ತಾನೇ ಹೇಳಿದ್ದನ್ನು ಪಂಪ ಕೃಷ್ಣನ ಬಾಯಲ್ಲಿ ಉಲ್ಟಾ ಹೇಳಿಸಿದ್ದಾನೆ. ಒಡೆಯಲು ಬಂದಿಲ್ಲ ಅಂತ ಯಾರು ಮೊದಲೇ ಹೇಳುತ್ತಾರೆ, ಒಡೆಯಲು ಬಂದವರೇ ಅಲ್ವಾ?

ಆಮೇಲೆ ವ್ಯಾಸನಲ್ಲಿ ಇಲ್ಲದ ಒಂದು ಸಂಗತಿ ಬರುತ್ತದೆ. ನಿನ್ನ ಹುಟ್ಟಿನ ಗುಟ್ಟು ದುರ್ಯೋಧನನಿಗೂ ಗೊತ್ತು ಅನ್ನುತ್ತಾನೆ ಕೃಷ್ಣ. ಒಬ್ಬ ಋಷಿಯಿಂದ ತಿಳಿದುಕೊಂಡ, ಮುಳ್ಳನ್ನು ಮುಳ್ಳಿನಿಂದಲೇ ತೆಗೆಯುವ ಹಾಗೆ ಪಾಂಡವರ ಮೇಲೆ ಬಳಸಲೆಂದು ನಿನ್ನನ್ನು ಸಾಕಿದ. ಈ ಮಾತನ್ನು ಓದಿ ಮುಂದೆ ಹೋಗಿಬಿಡಬೇಡಿ. ಹೇಳುತ್ತಿರುವವನು ಕವಿಯಲ್ಲ, ಕೃಷ್ಣ. ಅವನಿಗೆ ಇದರಿಂದ ಲಾಭ ಇದೆ. ಮಹಾಕಾವ್ಯದಲ್ಲಿ ಯಾವುದೇ ಮಾತು ಬಂದರೂ ಇದು ಯಾರ ಮಾತು ಅಂತ ಕೇಳುವ ಅಭ್ಯಾಸ ಒಂದನ್ನು ಮಾಡಿಕೊಂಡರೆ ಅರ್ಧ ವಿಮರ್ಶಕರಾದ ಹಾಗೆಯೇ.

ಕರ್ಣನ ಉತ್ತರದಲ್ಲಿ ಬರುವ ಪದ್ಯ ಕನ್ನಡದಲ್ಲಿ ಅತಿ ಹೆಚ್ಚು ಚರ್ಚೆಯಾದ ಪದ್ಯಗಳಲ್ಲಿ ಒಂದು:

ನೆತ್ತಮನಾಡಿ ಭಾನುಮತಿ ಸೋಲ್ತೊಡೆ ಸೋಲಮನೀವುದೆಂದು ಕಾಡುತ್ತಿರೆ ಲಂಬಣಂ ಪರಿಯೆ...

ಪಗಡೆಯಾಟದಲ್ಲಿ ದುರ್ಯೋಧನನ ಹೆಂಡತಿ ಭಾನುಮತಿ ಸೋತಳು, ಪಣ ಕೊಡು ಅಂತ ಕಾಡುವಾಗ ಅವಳ ಕೊರಳ ಹಾರ ಹರಿದು ಮುತ್ತು ಚೆಲ್ಲಿತು. ಆಗ ದುರ್ಯೋಧನ ಬೇಸರ ಇಲ್ಲದೆ ‘ಈ ಮುತ್ತುಗಳನ್ನು ಆಯ್ದುಕೊಡಲೇ’ ಅಂದ. ಅಂಥ ದೊರೆಯನ್ನು ಬಿಟ್ಟು ನಿಮ್ಮ ಕಡೆ ಬಂದರೆ ನಾನು ಬೇಡನಲ್ಲವೇ, ಅಂದರೆ ನೀಚನಲ್ಲವೇ ಅನ್ನುತ್ತಾನೆ ಕರ್ಣ. ಜಗಳ ಇರುವುದು ಇಲ್ಲಿ: ಆಡಿದ್ದು ಯಾರು ಯಾರು? ಭಾನುಮತಿ ಮತ್ತು ಕರ್ಣ ಆಡಿದರು ಅನ್ನುವುದು ಒಂದು ಪಕ್ಷ. ಛೆ, ಗೆಳೆಯನ ಹೆಂಡತಿಯ ಜೊತೆ ಕರ್ಣ ಹಾಗೆ ನಡೆದುಕೊಳ್ಳುತ್ತಾನಾ, ಆಡಿದ್ದು ಗಂಡ ಹೆಂಡತಿ, ಕರ್ಣ ಅಲ್ಲಿದ್ದ ಅಷ್ಟೇ ಅನ್ನುವುದು ಇನ್ನೊಂದು. ಕಾಡಿದವನು ಯಾರು ಅಂತ ಪದ್ಯ ಬಿಡಿಸಿ ಹೇಳುವುದಿಲ್ಲ.

ನನಗೆ ಮೊದಲನೆಯದೇ ಸರಿ ಅನಿಸುತ್ತದೆ. ಕಾರಣ ಪದ್ಯದ ಜಾಗ. ದುರ್ಯೋಧನನ ಪಾಲಿಗೆ ನೀನು ಬರೀ ಮುಳ್ಳು ಅಂತ ಕೃಷ್ಣ ಈಗಷ್ಟೇ ಕರ್ಣನಿಗೆ ಹೇಳಿದ್ದಾನೆ. ಅದಕ್ಕೆ ಉತ್ತರವಾಗಿ, ತಪ್ಪು ತಿಳಿಯಲು ಪೂರ್ತಿ ಅವಕಾಶ ಇದ್ದಾಗಲೂ ನನ್ನನ್ನು ನಂಬಿದವನು ಅವನು ಅಂತ ಕರ್ಣ ತೋರಿಸಬೇಕು. ಆಡಿದ್ದು ಗಂಡ ಹೆಂಡತಿಯೇ ಆಗಿದ್ದರೆ, ತನ್ನ ಹೆಂಡತಿಯ ಮುತ್ತು ಆಯುವುದರಲ್ಲಿ ಯಾವ ದೊಡ್ಡಸ್ತಿಕೆ? ನೀವು ಒಪ್ಪದೇ ಇರಬಹುದು. ಆದರೆ ಒಪ್ಪದಿದ್ದರೆ ಕರ್ಣ ಒಳ್ಳೆಯವನು ಅನ್ನುವ ಕಾರಣ ಕೊಡಬೇಡಿ, ಪದ್ಯದೊಳಗಿಂದ ಕಾರಣ ಕೊಡಿ.

ವಿಮರ್ಶಕರ ಪುಸ್ತಕ ಈಗ ತೆಗೆಯಿರಿ, ಮೊದಲಲ್ಲ

ನಿಮ್ಮದೇ ಒಂದು ಅಭಿಪ್ರಾಯ ಹುಟ್ಟಿದ ಮೇಲೆ ವಿಮರ್ಶೆ ಓದಿದರೆ ಅದು ಮಾತುಕತೆ ಆಗುತ್ತದೆ. ಮೊದಲೇ ಓದಿದರೆ ಬಾಯಿಪಾಠ. ಕನ್ನಡದಲ್ಲಿ ಈ ಮಾತುಕತೆ ಬಹಳ ಹಳೆಯದು. 9ನೇ ಶತಮಾನದ ಕವಿರಾಜಮಾರ್ಗ ಕಾವ್ಯ ಹೇಗಿರಬೇಕು ಅಂತ ಆಗಲೇ ಚರ್ಚಿಸಿದೆ, ಅದರಲ್ಲಿ ಹೆಸರಿಸಿದ ಹಳೆಯ ಕನ್ನಡ ಕವಿಗಳ ಕೃತಿಗಳು ಮಾತ್ರ ನಮಗೆ ಉಳಿದಿಲ್ಲ. ಪಂಪಭಾರತ ಅಚ್ಚಾದದ್ದು 1898ರಲ್ಲಿ, ಬಿ.ಎಲ್. ರೈಸ್ ಸಂಪಾದನೆಯಲ್ಲಿ. ಆಮೇಲೆ ಆರ್. ನರಸಿಂಹಾಚಾರ್ಯರ ಕವಿಚರಿತೆ ಯಾರು, ಎಂದು, ಎಲ್ಲಿ ಅನ್ನುವುದನ್ನು ಒಂದು ಕಡೆ ಸೇರಿಸಿತು. ಪಂಪನ ಬಗ್ಗೆ ಮುಳಿಯ ತಿಮ್ಮಪ್ಪಯ್ಯನವರ ನಾಡೋಜ ಪಂಪ ಇದೆ. ಪದ್ಯ ಪದ್ಯಕ್ಕೂ ಅರ್ಥ ಬೇಕಾದವರಿಗೆ ಡಿ.ಎಲ್. ನರಸಿಂಹಾಚಾರ್ಯರ ಪಂಪಭಾರತ ದೀಪಿಕೆಗಿಂತ ಒಳ್ಳೆಯ ಜೊತೆ ಸಿಗುವುದಿಲ್ಲ. ಕುಮಾರವ್ಯಾಸನ ಬಗ್ಗೆ ಕೀರ್ತಿನಾಥ ಕುರ್ತಕೋಟಿ ಬರೆದದ್ದನ್ನು ಹುಡುಕಿ ಓದಿ.

ಬಿರುದುಗಳನ್ನು ದಾಟಿಕೊಂಡು ಹೋಗಿ. ‘ರೂಪಕ ಸಾಮ್ರಾಜ್ಯ ಚಕ್ರವರ್ತಿ’ ಅಂತ ಕುಮಾರವ್ಯಾಸನನ್ನು ಕರೆಯುವುದು ಸರಿಯೇ, ಆದರೆ ‘ಕಿವಿಯಲಿ ಬಿತ್ತಿದನು ಭಯವ’ ಅನ್ನುವ ಒಂದು ಸಾಲನ್ನು ಬಿಡಿಸಿ ಹೇಳಲಾರದವರಿಗೆ ಆ ಬಿರುದಿನಿಂದ ಪ್ರಯೋಜನ ಇಲ್ಲ.

ಕರಾವಳಿ, ಮಲೆನಾಡಿನ ಓದುಗರಿಗೆ ಇನ್ನೊಂದು ದಾರಿ ಇದೆ: ತಾಳಮದ್ದಳೆ. ಕರ್ಣಭೇದನ ಪ್ರಸಂಗಕ್ಕೆ ಹೋಗಿ ಕೂತರೆ ಕೃಷ್ಣನ ಪಾತ್ರಧಾರಿ ಮತ್ತು ಕರ್ಣನ ಪಾತ್ರಧಾರಿ ಇದೇ ಪ್ರಶ್ನೆಗಳನ್ನು ಎ‌ದುರು ಬದುರು ಕೂತು ವಾದಿಸುತ್ತಾರೆ. ವೇಷ ಇಲ್ಲ, ಕುಣಿತ ಇಲ್ಲ, ಬರೀ ಮಾತು. ನನ್ನ ಮಟ್ಟಿಗೆ ಅದು ಕನ್ನಡದ ಜೀವಂತ ವಿಮರ್ಶೆ, ಎಷ್ಟೋ ಸೆಮಿನಾರುಗಳಿಗಿಂತ ಮೇಲು.

ಕೊನೆಗೆ ರನ್ನ

ರನ್ನನ ಕಾವ್ಯ ಗದಾಯುದ್ಧವನ್ನು ಕೊನೆಗೆ ಇಟ್ಟದ್ದು ಬೇಕಂತಲೇ. ರನ್ನ ಮುಧೋಳದ ಬಳೆಗಾರರ ಮನೆಯವನು, 10ನೇ ಶತಮಾನದ ಕೊನೆಯ ಭಾಗದಲ್ಲಿ ಚಾಲುಕ್ಯ ಸತ್ಯಾಶ್ರಯನ ಆಶ್ರಯದಲ್ಲಿ ಬರೆದ. ಪಂಪ ದೊರೆಯನ್ನು ಅರ್ಜುನ ಮಾಡಿದ ಹಾಗೆ ಇವನು ತನ್ನ ದೊರೆಯನ್ನು ಭೀಮ ಮಾಡಿದ. ಆದರೆ ಓದುಗರ ಮನಸ್ಸು ದುರ್ಯೋಧನನ ಕಡೆ ವಾಲುತ್ತದೆ, ಅವನನ್ನು ದುರಂತ ನಾಯಕ ಅನ್ನಬಹುದೇ ಅನ್ನುವ ಚರ್ಚೆ ಬಿ.ಎಂ.ಶ್ರೀ. ಕಾಲದಿಂದ ನಡೆದಿದೆ. ನೀವು ಆ ಚರ್ಚೆಗೆ ಆಮೇಲೆ ಹೋಗಿ. ಮೊದಲು ದುರ್ಯೋಧನ ಸಂಜಯನ ಜೊತೆ ರಣರಂಗದಲ್ಲಿ ಹೆಣಗಳ ನಡುವೆ ನಡೆಯುವ ಭಾಗವನ್ನು ತೆಗೆಯಿರಿ. ದ್ರೋಣನನ್ನು, ಅಭಿಮನ್ಯುವನ್ನು, ತನ್ನ ಮಗನನ್ನು, ದುಶ್ಶಾಸನನನ್ನು ನೋಡಿ, ಕರ್ಣನ ಹೆಣದ ಹತ್ತಿರ ಬರುತ್ತಾನೆ. ಅಲ್ಲಿ ಈ ಕಂದಪದ್ಯ ಇದೆ:

ಆನರಿವೆಂ ಪೃಥೆಯರಿವಳ್
ದಾನವರಿಪುವರಿವನರ್ಕನರಿವಂ ದಿವ್ಯ
ಜ್ಞಾನಿ ಸಹದೇವನರಿವಂ
ನೀನಾರ್ಗೆಂದಾರುಮರಿಯರಂಗಾಧಿಪತೀ

ನನಗೆ ಗೊತ್ತು, ಕುಂತಿಗೆ ಗೊತ್ತು, ಕೃಷ್ಣನಿಗೆ ಗೊತ್ತು, ಸೂರ್ಯನಿಗೆ ಗೊತ್ತು, ಸಹದೇವನಿಗೆ ಗೊತ್ತು. ನೀನು ಯಾರ ಮಗ ಅಂತ ಬೇರೆ ಯಾರಿಗೂ ಗೊತ್ತಿಲ್ಲ.

ಪಂಪನಲ್ಲಿ ಕೃಷ್ಣ ಹೇಳಿದ್ದು ನಿಜವೇ ಆಗಿರಬಹುದು ಅಂತ ಇಲ್ಲಿ ಅನಿಸುತ್ತದೆ, ದುರ್ಯೋಧನನಿಗೆ ಗೊತ್ತಿತ್ತು. ಆದರೆ ಮುಳ್ಳಾಗಿ ಬಳಸಲು ಸಾಕಿದವನು, ಆ ಮುಳ್ಳು ಮುರಿದ ಮೇಲೆ ಹೀಗೆ ಅಳುತ್ತಾನಾ? ಈ ನಾಲ್ಕು ಸಾಲು ಓದಿದ ಮೇಲೆ ಮತ್ತೆ ಪಂಪನ ಒಂಬತ್ತನೇ ಆಶ್ವಾಸಕ್ಕೆ ಹೋಗಿ ಕೃಷ್ಣನ ಮಾತು, ಕರ್ಣನ ಮುತ್ತಿನ ಪದ್ಯ ಎರಡನ್ನೂ ಇನ್ನೊಮ್ಮೆ ಓದಿ. ಹಾಳೆಯಲ್ಲಿ ದುರ್ಯೋಧನನ ಬಗ್ಗೆ ಏನು ಬರೆಯಬೇಕು ಅನ್ನುವುದನ್ನು ಆಮೇಲೆ ತೀರ್ಮಾನಿಸಿ, ಪೆನ್ಸಿಲ್‌ನಲ್ಲೇ ಬರೆಯಿರಿ.